ಹೊನ್ನಜ್ಜಿ ಅಗಲ ಮಾಡಿದ ಬಾಗಿಲು

ಮಕ್ಕಳೇ, ಒಂದು ಕೆರೆಯ ಏರಿಯ ಮೇಲೆ ಇಲಿಗಳ ಊರಿತ್ತು. ಊರಿಗೆಲ್ಲ ಒಂದೇ ಬಿಲ. ಅದಕ್ಕೆ ಮುಂದೊಂದು ಬಾಗಿಲು, ಹಿಂದೊಂದು ಬಾಗಿಲು. ಎರಡರಲ್ಲೂ ಇಲಿ ತೂರಬಹುದಿತ್ತು, ಬೆಕ್ಕು ತೂರುವಂತಿರಲಿಲ್ಲ. ಮುತ್ತಜ್ಜಂದಿರು ಯೋಚನೆ ಮಾಡಿಯೇ ತೋಡಿದ್ದರು.

ಏರಿಯ ಕೆಳಗೆ ಕಬ್ಬಿನ ಹಾಲು ಕಾಯಿಸುವ ಆಲೆಮನೆ. ಹೊನ್ನಜ್ಜಿ ಎಂಬ ಮುದಿ ಇಲಿ ದಿನವೂ ಅಲ್ಲಿಂದ ಬೆಲ್ಲದ ಚೂರು ತಂದು ಮೊಮ್ಮಗ ದುಂಡಪ್ಪನ ಬಾಯಿಗಿಡುತ್ತಿದ್ದಳು. ತಾಯಿಯಿಲ್ಲದ ಕೂಸು, ಅವನು "ಸಾಕು" ಅಂದರೆ ಅವಳ ಎದೆ ಧಸಕ್ಕೆನ್ನುತ್ತಿತ್ತು. ಅವಳನ್ನು ನೋಡಿ ಉಳಿದ ಮನೆಯವರೂ ಅದನ್ನೇ ಕಲಿತರು. ಮರಿಗಳೆಲ್ಲ ಊದಿಕೊಂಡವು. ಓಡುವುದನ್ನು ಬಿಟ್ಟು ಉರುಳತೊಡಗಿದವು.

ಇದನ್ನು ಕಂಡು ಮರದ ಮೇಲಿನ ಅಳಿಲು ಸರಸಕ್ಕ ಒಂದು ಆರೋಗ್ಯ ಕಾರ್ಯಕ್ರಮ ಶುರುಮಾಡಿದಳು. ಬೆಳಿಗ್ಗೆ ಏರಿಯುದ್ದಕ್ಕೂ ಓಟ. ಕಾಳನ್ನು ಮರಿಗಳೇ ಹುಡುಕಿ ತಿನ್ನಬೇಕು. ಬೆಲ್ಲ ಹಬ್ಬಕ್ಕೆ ಮಾತ್ರ. ವಾರಕ್ಕೊಮ್ಮೆ ಎಲ್ಲರೂ ಮುಂಬಾಗಿಲು ತೂರಿ ತೋರಿಸಬೇಕು, ಅದೇ ಪರೀಕ್ಷೆ.

ಮೊದಲ ಪರೀಕ್ಷೆಯಲ್ಲಿ ದುಂಡಪ್ಪ ಹೊಟ್ಟೆಯವರೆಗೆ ಹೋಗಿ ನಿಂತ. ಹಿಡಿದು ಎಳೆಯಬೇಕಾಯಿತು.

"ಅಜ್ಜೀ, ಮಗುವಿಗೆ ಬೆಲ್ಲ ಕಮ್ಮಿ ಮಾಡಿ, ಓಟಕ್ಕೆ ಕಳಿಸಿ," ಎಂದಳು ಸರಸಕ್ಕ.

"ಕಣ್ಣು ಹಾಕಬೇಡ ಕಣೇ! ತಿನ್ನೋ ವಯಸ್ಸು, ತಿನ್ನುತ್ತೆ. ನೀನು ಕಡ್ಡಿ ಅಂತ ಊರೆಲ್ಲ ಕಡ್ಡಿ ಆಗಬೇಕಾ?"

ಹೊನ್ನಜ್ಜಿ ಮನೆಗೆ ಬಂದು ಮೆಣಸಿನಕಾಯಿ ನಿವಾಳಿಸಿ ದೃಷ್ಟಿ ತೆಗೆದಳು. ದುಂಡಪ್ಪ ಆ ಮೆಣಸಿನಕಾಯಿಯನ್ನೂ ತಿಂದ.

ಆದರೂ ನಾಲ್ಕು ಜನರೆದುರು ಮೊಮ್ಮಗ ಸಿಕ್ಕಿಕೊಂಡ ಅವಮಾನ ಅವಳನ್ನು ಬಿಡಲಿಲ್ಲ. ಮುಂದಿನ ಪರೀಕ್ಷೆಗೆ ಮೊದಲು, ಎಲ್ಲರೂ ಕಾಳಿಗೆ ಹೋಗಿದ್ದಾಗ, ಮುಂಬಾಗಿಲನ್ನು ಸುತ್ತಲೂ ಕೆರೆದು ಅಗಲ ಮಾಡಿಬಿಟ್ಟಳು.

ಆ ಸಲ ಮರಿಗಳೆಲ್ಲ ಸಲೀಸಾಗಿ ತೂರಿದವು. "ನಮ್ಮ ಕಾರ್ಯಕ್ರಮ ಗೆದ್ದಿತು!" ಎಂದು ಸರಸಕ್ಕ ಸಾರಿದಳು. ಆ ಖುಷಿಗೆ ಊರಿಗೆಲ್ಲ ಬೆಲ್ಲ ಹಂಚಿದರು.

ಬೆಲ್ಲ ಇನ್ನೂ ಬಾಯಲ್ಲಿತ್ತು, ಕಾಡುಬೆಕ್ಕು ಬಂತು. ಇಲಿಗಳು ಬಿಲಕ್ಕೆ ನುಗ್ಗಿದವು. ಬೆಕ್ಕೂ ನುಗ್ಗಿತು.

"ಅಯ್ಯಯ್ಯೋ, ಇದು ಒಳಗೆ ಹೇಗೆ ಬಂತು?" ಎಂದು ಊರೆಲ್ಲ ಕೂಗಿತು. ಹೊನ್ನಜ್ಜಿ ಮಾತ್ರ ಆ ಪ್ರಶ್ನೆ ಕೇಳಲಿಲ್ಲ.

ಎಲ್ಲರೂ ಹಿಂಬಾಗಿಲಿಗೆ ಓಡಿದರು. ಉಳಿದ ಮರಿಗಳು ಮೈ ತರಚಿಕೊಂಡು ಹೊರಬಿದ್ದವು. ಕೊನೆಗೆ ಬಂದ ದುಂಡಪ್ಪ ಸಿಕ್ಕಿಕೊಂಡ.

"ಅಜ್ಜೀ, ಆಗ್ತಾ ಇಲ್ಲ!"

"ಹೊಟ್ಟೆ ಒಳಗೆ ಎಳಕೋ ನನ್ನಪ್ಪಾ! ತಪ್ಪಾಯ್ತು ಕಂದಾ, ಆ ಬೆಕ್ಕನ್ನ ಒಳಗೆ ಕರೆದವಳು ನಾನೇ!" ಅವನ ಹಿಂದೆಯೇ ಉಳಿದಿದ್ದ ಅಜ್ಜಿ ಅಳುತ್ತಲೇ ತಲೆಕೊಟ್ಟು ನೂಕಿದಳು. ಅವಳ ಬಾಲದ ಮೇಲೆ ಬೆಕ್ಕಿನ ಪಂಜ ಬಿತ್ತು. ಅವಳು ಹಿಂದಿರುಗಿ ನೋಡದೆ ಮತ್ತೊಮ್ಮೆ ನೂಕಿದಳು. ದುಂಡಪ್ಪ ಹೊರಗೆ ಬಿದ್ದ. ಅವನ ಹಿಂದೆಯೇ ಅಜ್ಜಿ ಬಿದ್ದಳು. ಬಾಲ ಬರಲಿಲ್ಲ. ಹಿಂಬಾಗಿಲು ತೂರಲಾಗದ ಬೆಕ್ಕು ಅಷ್ಟನ್ನೇ ತೆಗೆದುಕೊಂಡು ಹೋಯಿತು.

ಮರುದಿನ ಹೊನ್ನಜ್ಜಿ ಮುಂಬಾಗಿಲಿಗೆ ಮಣ್ಣು ಮೆತ್ತಿ ಮೊದಲಿನಷ್ಟೇ ಕಿರಿದು ಮಾಡಿದಳು. ಆಮೇಲೆ ದುಂಡಪ್ಪನನ್ನು ಕರೆದುಕೊಂಡು ಓಟಕ್ಕೆ ಹೋಗಿ ಎಲ್ಲರಿಗಿಂತ ಮುಂದೆ ನಿಂತಳು.

"ಅಜ್ಜೀ, ನಿಮ್ಮ ಬಾಲ ಎಲ್ಲಿ?" ಎಂದು ಒಂದು ಮರಿ ಕೇಳಿತು.

"ಇವನನ್ನ ಪಾಸು ಮಾಡಿಸೋಕೆ ಕೊಟ್ಟೆ. ಮಾತು ಸಾಕು, ಓಡು."

ನೀತಿ: ಮಗು ಬಾಗಿಲು ತೂರದಿದ್ದರೆ ಬಾಗಿಲನ್ನು ಅಗಲ ಮಾಡಬೇಡಿ, ಬೆಲ್ಲ ಕಡಿಮೆ ಮಾಡಿ, ಜೊತೆಗೆ ನೀವೂ ಓಡಿ.