ಕೊತ್ವಾಲನ ನಾಯಿ

"ಗುರುಗಳೇ, ತಪ್ಪು ಮಾಡದವನನ್ನು ಕಾವಲಿನವರು ತಡೆದು ವಿಚಾರಿಸಿದರೆ ಅವನಿಗೆ ಏನು ನಷ್ಟ?"

ಸಂಗಯ್ಯ ಹೀಗೆ ಕೇಳಿದ್ದು ಪೇಟೆಯಿಂದ ಮಠಕ್ಕೆ ಮರಳಿ, ಬೇಳೆಯ ಗಂಟುಗಳನ್ನು ಜಗಲಿಯ ಮೇಲೆ ಇಳಿಸಿದ ಮೇಲೆ. ಗಂಟು ಎರಡಿದ್ದವು. ಬೆಳಿಗ್ಗೆ ಹೋದವರೂ ಇಬ್ಬರು. ಬಂದವನು ಒಬ್ಬನೇ.

"ದುರುಗ ಎಲ್ಲಿ?" ಎಂದರು ಗುರುಗಳು.

"ಊರಬಾಗಿಲಲ್ಲಿ ನಿಲ್ಲಿಸಿಕೊಂಡರು. ಹಣೆಯ ಹಚ್ಚೆ ನೋಡಿ ಗುಡಾರದವನು ಎಂದು ಗೊತ್ತಾಗಿರಬೇಕು. ನನಗೆ ಹೋಗಿ ಎಂದರು. ಅಡುಗೆಗೆ ತಡವಾಗುತ್ತದೆ ಎಂದು ಅವನ ಗಂಟನ್ನೂ ನಾನೇ ಹೊತ್ತು ತಂದೆ. ಅವನು ಏನೂ ಮಾಡಿಲ್ಲ. ವಿಚಾರಿಸಿ ಬಿಡುತ್ತಾರೆ. ಅದಕ್ಕೇ ಕೇಳಿದೆ."

ದುರುಗ ಚಿಕ್ಕಂದಿನಲ್ಲೇ ಊರ ಹೊರಗಿನ ಗುಡಾರದಿಂದ ಮಠಕ್ಕೆ ಬಂದವನು. ಅವನೂ ಸಂಗಯ್ಯನೂ ಅಕ್ಷರ ಕಲಿತದ್ದು ಒಂದೇ ಹಲಗೆಯ ಮೇಲೆ. ಗುರುಗಳು ಮೂಲೆಯಲ್ಲಿದ್ದ ಕೋಲನ್ನು ಕೈಗೆ ತೆಗೆದುಕೊಂಡು ಮೆಟ್ಟಿಲು ಇಳಿದರು.

"ನಡೆ. ದಾರಿಯಲ್ಲಿ ಹೇಳುತ್ತೇನೆ."

ಮಠದಿಂದ ಊರಬಾಗಿಲಿಗೆ ಒಂದು ಹರಿದಾರಿ. ಗುರುಗಳಿಗೆ ವಯಸ್ಸಾಗಿತ್ತು. ಆದರೂ ಅವರ ಹೆಜ್ಜೆಗೆ ಹೆಜ್ಜೆ ಹಾಕಲು ಸಂಗಯ್ಯ ಓಡಬೇಕಾಯಿತು. ಅವರು ನಡೆಯುತ್ತಲೇ ಹೇಳಿದರು:

ಒಂದು ಪಟ್ಟಣ. ಅದನ್ನು ಕಾಯಲು ಒಬ್ಬ ಕೊತ್ವಾಲ. ಪಟ್ಟಣದ ಹೊರಗೆ ಗುಡಾರ ಹಾಕಿಕೊಂಡು ಬದುಕುವ ಜನ. ಆ ಜನ, ಮಗುವಿಗೆ ಕೆಟ್ಟ ಕಣ್ಣು ತಾಗದಿರಲಿ ಎಂದು ಹಣೆಗೆ ಹಚ್ಚೆ ಹಾಕಿಸುತ್ತಿದ್ದರು. ಕೊತ್ವಾಲನ ಕಣ್ಣು ಎಲ್ಲಕ್ಕಿಂತ ಮೊದಲು ಬೀಳುತ್ತಿದ್ದುದು ಅದರ ಮೇಲೆಯೇ. ಯಾರ ಮನೆಯಲ್ಲಿ ಚೊಂಬು ಕಾಣೆಯಾದರೂ ಗುಡಾರದವರ ಬೆನ್ನಿಗೆ ಏಟು ಬೀಳುತ್ತಿತ್ತು.

ಅವರು ಹೋಗಿ ಅರಸನ ಮುಂದೆ ಅತ್ತರು. ಅರಸ ಕೆಟ್ಟವನಲ್ಲ, ಅವಸರದವನು. "ಮನುಷ್ಯನಾದರೆ ಮುಖ ನೋಡುತ್ತಾನೆ. ನಾಯಿಗೆ ಜಾತಿಯಿಲ್ಲ, ಕುಲವಿಲ್ಲ. ಇನ್ನು ಮೇಲೆ ಊರಬಾಗಿಲಲ್ಲಿ ಯಾರನ್ನು ತಡೆಯಬೇಕೆಂದು ನಾಯಿಯೇ ಆರಿಸಲಿ," ಎಂದು ತೀರ್ಪು ಕೊಟ್ಟ. ಪರದೇಶದಿಂದ ಒಂದು ನಾಯಿ ಬಂತು. ಮನಸ್ಸಿನಲ್ಲಿ ಕಳ್ಳತನ ಇಟ್ಟುಕೊಂಡವನ ಮೈವಾಸನೆಯೇ ಬೇರೆ, ಅದು ಈ ನಾಯಿಗೆ ತಿಳಿಯುತ್ತದೆ ಎಂದು ಮಾರಿದವನು ಹೇಳಿದ್ದ. ಮಾರುವವರು ಏನು ಬೇಕಾದರೂ ಹೇಳುತ್ತಾರೆ. ನಾಯಿಯ ಕೊರಳಿಗೆ ಹಗ್ಗ ಕಟ್ಟಿ, ಹಗ್ಗದ ತುದಿಯನ್ನು ಕೊತ್ವಾಲನ ಕೈಗೆ ಕೊಟ್ಟರು.

ವ್ಯಾಪಾರಿಗಳು ಬಂದರೆ ನಾಯಿ ಸುಮ್ಮನಿರುತ್ತಿತ್ತು. ಗುಡಾರದವರು ಬಂದರೆ ಗುರುಗುಟ್ಟುತ್ತಿತ್ತು. ಅವರು ಮತ್ತೆ ಅರಸನಲ್ಲಿಗೆ ಹೋದರು. "ಈಗ ಯಾರ ಮೇಲೆ ದೂರು? ನಾಯಿಯ ಮೇಲೆಯೇ?" ಎಂದು ಅರಸ ನಕ್ಕ. ಪೆಟ್ಟು ಮೊದಲಿನಷ್ಟೇ ಇತ್ತು, ದೂರುವುದಕ್ಕೆ ಮಾತ್ರ ಈಗ ಯಾರೂ ಇರಲಿಲ್ಲ.

ಗುಡಾರದಲ್ಲಿ ಒಬ್ಬ ಕಲ್ಲು ಕುಟ್ಟುವವನಿದ್ದ. ಸವೆದು ನುಣುಪಾದ ಬೀಸುವ ಕಲ್ಲನ್ನು ಉಳಿಯಿಂದ ಕುಟ್ಟಿ ಒರಟು ಮಾಡಿಕೊಡುವುದು ಅವನ ಕಸುಬು. ಕೇರಿ ಕೇರಿ ಕೂಗುತ್ತಾ ಹೋಗುತ್ತಿದ್ದ, ಕರೆದ ಮನೆಯ ಅಂಗಳದಲ್ಲಿ ಕುಳಿತು ಕುಟ್ಟುತ್ತಿದ್ದ. ಬಾಗಿಲಿಗೆ ಬಂದಾಗಲೆಲ್ಲ ನಾಯಿ ಗುರುಗುಟ್ಟುತ್ತಿತ್ತು. ಅವನ ಚೀಲವನ್ನು ನೆಲಕ್ಕೆ ಸುರಿಯುತ್ತಿದ್ದರು. ಒಂದು ಉಳಿ, ಒಂದು ಸುತ್ತಿಗೆ, ಒಂದು ಮುದ್ದೆಯ ಗಂಟು.

"ಉಳಿ ಯಾತಕ್ಕೆ? ಗೋಡೆಗೆ ಕನ್ನ ಹಾಕೋಕೋ?" ಎನ್ನುತ್ತಿದ್ದ ಕೊತ್ವಾಲ.

"ಕಲ್ಲು ಕುಟ್ಟೋಕೆ ಬುದ್ಧಿ. ನಿಮ್ಮ ಮನೆ ಬೀಸೋ ಕಲ್ಲೂ ನಾನೇ ಕುಟ್ಟಿದ್ದು."

ಕೊತ್ವಾಲನಿಗೂ ಅದು ಗೊತ್ತಿತ್ತು. ವಿಚಾರಿಸಿ ಬಿಡುತ್ತಿದ್ದ. ಕೇಳಿಸಿಕೊಳ್ಳುತ್ತಿದ್ದೀಯಾ ಸಂಗಯ್ಯ? ಪ್ರತಿ ಸಲವೂ ಬಿಡುತ್ತಿದ್ದ. ಮಣ್ಣಿನಲ್ಲಿ ಬಿದ್ದ ಮುದ್ದೆಯನ್ನು ಒರೆಸಿಕೊಂಡು ಅವನು ಒಳಗೆ ಹೋಗುತ್ತಿದ್ದ.

ಮೊದಮೊದಲು ನೋಡಿದವರು ಪಾಪ ಎಂದರು. ಆಮೇಲೆ, ಏನೂ ಇಲ್ಲದೆ ದಿನವೂ ಯಾಕೆ ಹಿಡಿಯುತ್ತಾರೆ ಎಂದು ಒಬ್ಬರನ್ನೊಬ್ಬರು ಕೇಳಿಕೊಂಡರು. ಅಂಗಳಕ್ಕೆ ಕರೆಯುತ್ತಿದ್ದ ಹೆಂಗಸರು ಕಲ್ಲನ್ನು ಬೀದಿಗೇ ಉರುಳಿಸಿ ಅಲ್ಲೇ ಕುಟ್ಟಿಸಿಕೊಂಡರು. ಕೆಲವರು ಕರೆಯುವುದನ್ನೇ ಬಿಟ್ಟರು. ಅವನು ಮಾಡಿದ್ದು ಏನೂ ಇಲ್ಲ. ಅವನನ್ನು ತಡೆದು ನಿಲ್ಲಿಸಿದ್ದನ್ನು ಜನ ನೋಡಿದ್ದರು, ಅಷ್ಟೇ.

ಒಂದು ದಿನ ಹಗಲಿನಲ್ಲೇ ಜವಳಿ ವ್ಯಾಪಾರಿಯ ಮನೆಯಿಂದ ರೇಷ್ಮೆಯ ಗಂಟು ಹೋಯಿತು. ಯಾರ ಮೇಲೆ ಅನುಮಾನ ಎಂದು ಕೊತ್ವಾಲ ಕೇಳಿದ. ಎಲ್ಲರ ಕಣ್ಣ ಮುಂದೆಯೂ ಬಂದದ್ದು ಬಾಗಿಲಲ್ಲಿ ದಿನಾ ಕಂಡ ಆ ಒಂದು ಮುಖ. ಅವನನ್ನು ಚಾವಡಿಗೆ ಎಳೆದು ತಂದರು. ನಾಯಿಯನ್ನು ಎದುರಿಗೆ ನಿಲ್ಲಿಸಿದರು. ನಾಯಿ ಗುರುಗುಟ್ಟಿತು.

"ರೇಷ್ಮೆ ಹೋದ ಹೊತ್ತಲ್ಲಿ ನಾನು ಆ ಗೌಡರ ಹಟ್ಟೀಲಿ ಕಲ್ಲು ಕುಟ್ತಾ ಇದ್ದೆ ಬುದ್ಧಿ. ಅಲ್ಲೇ ನಿಂತವ್ರೆ. ಅವರನ್ನೇ ಕೇಳಿ," ಎಂದ ಅವನು.

ನಿಜವಾಗಿಯೂ ಅಲ್ಲೇ ಇದ್ದ. ಗುಂಪಿನಲ್ಲಿ ನಿಂತಿದ್ದ ಆ ರೈತನ ಹಟ್ಟಿಯಲ್ಲಿ, ಮಧ್ಯಾಹ್ನದ ಊಟದ ಹೊತ್ತಿನಿಂದ ದನ ಮನೆಗೆ ಬರುವವರೆಗೂ ಕುಟ್ಟಿದ್ದ. ರೈತ ಎದುರಿಗೇ ಕುಳಿತು ಹಗ್ಗ ಹೊಸೆದಿದ್ದ. ಇಬ್ಬರೂ ಎಲೆಯಡಿಕೆ ಹಂಚಿಕೊಂಡಿದ್ದರು.

"ಹೌದೇನೋ?" ಎಂದು ಕೊತ್ವಾಲ ರೈತನ ಕಡೆ ತಿರುಗಿದ. ನಾಯಿಯೂ ಅವನ ಕಡೆ ತಿರುಗಿತು.

ರೈತ ನಾಯಿಯನ್ನು ನೋಡಿದ. ಈಗ ಬಾಯಿ ಬಿಟ್ಟರೆ ನಾಳೆ ಈ ನಾಯಿ ನನ್ನ ಬಾಗಿಲಿಗೆ ಬರುತ್ತದೆ ಎಂದುಕೊಂಡ. ಹೇಗೂ ಇವನು ಕದ್ದಿಲ್ಲ, ವಿಚಾರಿಸಿ ಬಿಡುತ್ತಾರೆ ಎಂದೂ ಅಂದುಕೊಂಡ. ಕಲ್ಲು ಕುಟ್ಟುವವನು ಅವನ ಬಾಯನ್ನೇ ನೋಡುತ್ತಿದ್ದ. ರೈತ ನೆಲ ನೋಡುತ್ತಾ ನಿಂತ. ಅವನು ಸುಳ್ಳು ಹೇಳಲಿಲ್ಲ. ಆ ಒಂದು ಸಮಾಧಾನ ಅವನಿಗೆ ಸಾಯುವವರೆಗೂ ಇತ್ತು.

ಕಲ್ಲು ಕುಟ್ಟುವವನನ್ನು ಚಾವಡಿಯ ಒಳಕೋಣೆಗೆ ಕರೆದುಕೊಂಡು ಹೋದರು. ರೇಷ್ಮೆ ಎಲ್ಲಿ ಎಂದು ಕೇಳಿದರು. ಗೊತ್ತಿಲ್ಲದ್ದನ್ನು ಅವನು ಎಲ್ಲಿಂದ ಹೇಳಬೇಕು? ಮತ್ತೆ ಮತ್ತೆ ಕೇಳಿದರು. ಕೊನೆಗೆ ಹೆಂಡತಿಯನ್ನು ಕರೆಸಿ, ಹೆಣ ತೆಗೆದುಕೊಂಡು ಹೋಗು ಎಂದರು. ಉಳಿ ಸುತ್ತಿಗೆಯನ್ನು ಕೊಡಲಿಲ್ಲ. ಅವು ಕನ್ನದ ಸಾಮಾನು ಎಂದರು.

ಗುರುಗಳು ಇಲ್ಲಿಗೆ ಸ್ವಲ್ಪ ನಿಂತು ಉಸಿರು ತೆಗೆದುಕೊಂಡರು. ಸಂಗಯ್ಯನಿಗೆ ತಡೆಯಲಾಗಲಿಲ್ಲ.

"ಆಮೇಲಾದರೂ ಆ ರೈತ ಹೇಳಲಿಲ್ಲವೇ?"

"ಹೇಳಿದ. ಮನೆಗೆ ಹೋಗಿ ಹೆಂಡತಿಗೆ ಹೇಳಿದ. ಮುದ್ದೆ ಮುರಿಯುತ್ತಾ ಹೇಳಿದ. ಆ ಮುದ್ದೆಯ ಹಿಟ್ಟು ಸತ್ತವನು ಕುಟ್ಟಿಕೊಟ್ಟ ಕಲ್ಲಿನಲ್ಲೇ ಬೀಸಿದ್ದು."

ಮತ್ತೆ ನಡೆದರು, ಮುಂದುವರಿಸಿದರು:

ಸ್ವಲ್ಪ ಕಾಲಕ್ಕೆ ರೇಷ್ಮೆ ಸಿಕ್ಕಿತು. ವ್ಯಾಪಾರಿಯ ಭಾವಮೈದುನನ ಅಟ್ಟದ ಮೇಲೆ. ಅವನು ದಿನಾ ಆ ಬಾಗಿಲಲ್ಲೇ ಓಡಾಡುತ್ತಿದ್ದವನು. ಕೊತ್ವಾಲ ಅವನನ್ನು ಕಂಡರೆ ಕ್ಷೇಮ ಕೇಳುತ್ತಿದ್ದ, ನಾಯಿ ಬಾಲ ಆಡಿಸುತ್ತಿತ್ತು. ಮನೆಯ ಮರ್ಯಾದೆ ಹೋಗುತ್ತದೆ ಎಂದು ವ್ಯಾಪಾರಿ ಅದನ್ನು ಒಳಗೊಳಗೇ ಮುಚ್ಚಿಹಾಕಿದ. ಕೊತ್ವಾಲನ ಕಿವಿಗೆ ಬಿತ್ತು. ಅವನೂ ಸುಮ್ಮನಾದ.

ಮಳೆಗಾಲಕ್ಕೆ ಕೊತ್ವಾಲ ಜ್ವರ ಬಂದು ಹಾಸಿಗೆ ಹಿಡಿದ. ಹಗ್ಗ ಹಿಡಿಯಲು ಬೇರೆ ಸೀಮೆಯ ಒಬ್ಬ ಹೊಸಬ ಬಂದ. ಆ ಸೀಮೆಯಲ್ಲಿ ಹಚ್ಚೆ ಎಲ್ಲರೂ ಹಾಕಿಸುತ್ತಾರೆ. ಅವನಿಗೆ ಅದು ಏನೂ ಅನ್ನಿಸಲಿಲ್ಲ. ಗುಡಾರದವರು ಬಾಗಿಲು ದಾಟಿದರು. ನಾಯಿ ತಲೆಯೆತ್ತಿ ನೋಡಿತು, ಆಕಳಿಸಿತು, ಮತ್ತೆ ಮಲಗಿತು.

ಆ ನಾಯಿ ಯಾವತ್ತೂ ಕಳ್ಳತನದ ವಾಸನೆ ಹಿಡಿದಿರಲಿಲ್ಲ. ಹಚ್ಚೆ ಕಂಡಾಗಲೆಲ್ಲ ಕೊತ್ವಾಲನ ಮುಷ್ಟಿ ಬಿಗಿಯುತ್ತಿತ್ತು. ಮುಷ್ಟಿ ಬಿಗಿದರೆ ಹಗ್ಗ ಜಗ್ಗುತ್ತಿತ್ತು. ಹಗ್ಗ ಜಗ್ಗಿದರೆ ನಾಯಿ ಗುರುಗುಟ್ಟುತ್ತಿತ್ತು. ಕೊತ್ವಾಲ ಬೇಕೆಂದು ಮಾಡಿದ್ದಲ್ಲ. ತನ್ನ ಕೈ ಏನು ಮಾಡುತ್ತಿದೆ ಎಂದು ಅವನಿಗೇ ಗೊತ್ತಿರಲಿಲ್ಲ. ದೇವರ ಮುಂದೆ ನಿಲ್ಲಿಸಿ ಕೇಳಿದ್ದರೂ, ಆರಿಸಿದ್ದು ನಾಯಿ, ನಾನಲ್ಲ ಎನ್ನುತ್ತಿದ್ದ.

"ನಾಯಿ ಸುಮ್ಮನೆ ಮಲಗಿದ್ದು ಗೊತ್ತಾದ ಮೇಲೆ ಕೊತ್ವಾಲ ಏನು ಮಾಡಿದ ಗುರುಗಳೇ?"

"ನಾಯಿ ಕೆಟ್ಟುಹೋಗಿದೆ ಎಂದು ಬೇರೆ ನಾಯಿ ತರಿಸಿದ."

ಅಷ್ಟರಲ್ಲಿ ಊರಬಾಗಿಲು ಬಂತು. ಕಾವಲಿನವರು ಇಬ್ಬರು ಕಟ್ಟೆಯ ಮೇಲೆ ಕುಳಿತು ಎಲೆಯಡಿಕೆ ಹಾಕುತ್ತಿದ್ದರು. ದುರುಗ ಇರಲಿಲ್ಲ. ಕಟ್ಟೆಯ ಹಿಂದಿನ ಕೋಣೆಯ ಬಾಗಿಲು ಮುಚ್ಚಿತ್ತು. ಗೋಡೆಯ ಬುಡದಲ್ಲಿ ಕಾವಿಯ ಮೇಲುವಸ್ತ್ರವೊಂದು ಮಣ್ಣಿನಲ್ಲಿ ಬಿದ್ದಿತ್ತು. ಅದರ ಅಂಚು ಹರಿದಾಗ ದುರುಗನಿಗೆ ಹೊಲಿದುಕೊಟ್ಟವನು ಸಂಗಯ್ಯ. ಹೊಲಿಗೆ ಅವನಿಗೆ ದೂರದಿಂದಲೇ ಕಂಡಿತು.

"ನಮ್ಮ ಹುಡುಗ ದುರುಗನನ್ನು ಇಲ್ಲಿ ತಡೆದಿದ್ದೀರಂತೆ," ಎಂದರು ಗುರುಗಳು.

ಹಿರಿಯ ಕಾವಲುಗಾರ ಎದ್ದು ಕೈ ಮುಗಿದ. "ಯಾರನ್ನೂ ತಡೆದಿಲ್ಲ ಬುದ್ಧಿ. ಬೆಳಗಿಂದ ಇಲ್ಲಿ ಯಾರೂ ನಿಂತಿಲ್ಲ." ಆಮೇಲೆ ಸಂಗಯ್ಯನ ಕಡೆ ತಿರುಗಿದ. ಅವನ ಕೈ ಕಟ್ಟೆಗೆ ಒರಗಿಸಿದ್ದ ಲಾಠಿಯ ಮೇಲೆ ಹೋಗಿ ಕೂತಿತು. "ಬೇಕಾದ್ರೆ ಈ ಅಯ್ಯನೋರನ್ನೇ ಕೇಳಿ. ನೀವೇ ಹೇಳಿ ಅಯ್ಯನೋರೇ, ನಾವು ಯಾರನ್ನಾದ್ರೂ ಹಿಡಿದಿದ್ದು ನೋಡಿದ್ರಾ?"

ಮುಚ್ಚಿದ ಬಾಗಿಲಿನ ಆಚೆ ಏನೋ ಒಂದು ಸದ್ದಾಯಿತು, ನಿಂತಿತು. ಸಂಗಯ್ಯ ಲಾಠಿಯನ್ನು ನೋಡಿದ. ಅವನು ನೆಲ ನೋಡುತ್ತಾ ನಿಂತ.

ಗುರುಗಳು ಅವನ ಕಡೆ ತಿರುಗಿ ಮೆಲ್ಲನೆ ಹೇಳಿದರು:

"ಆ ರೈತನೂ ಹೀಗೆಯೇ ನಿಂತಿದ್ದ."