ನಗಾರಿಯ ಜಾಗ

ಕಬಿನಿ ದಂಡೆಯಲ್ಲಿ ಅಂಬುಜಾಕ್ಷಮ್ಮ ಎಂಬ ಗುರು ಇದ್ದರು. ವಿಡಿಯೋ ಗೇಮುಗಳಿಗೆ ಸಂಗೀತ ಕಟ್ಟುವುದೇ ಅವರ ಆಯುಷ್ಯದ ಕಸುಬು. ವಯಸ್ಸಾದ ಮೇಲೆ ಅದನ್ನೇ ಕಲಿಸುತ್ತ, ಹೊಳೆ ನೋಡುತ್ತ ಹಾಯಾಗಿದ್ದರು.

ಶಿಷ್ಯ ಮೈಲಾರಿ ಮದುವೆ ಬ್ಯಾಂಡಿನಿಂದ ಬಂದವನು. ಕೈ ಚುರುಕು, ಸದ್ದು ಜಾಸ್ತಿ. ದೋಣಿಯಾಟದ ಗೇಮೊಂದಕ್ಕೆ ಅವನು ಮಾಡಿದ ಸಂಗೀತವನ್ನು ಕಂಪನಿಯವರು ಒಮ್ಮೆ ವಾಪಸ್ ಕಳಿಸಿದ್ದರು. ಈ ಸಲವೂ ಒಪ್ಪದಿದ್ದರೆ ಮತ್ತೆ ಬ್ಯಾಂಡೇ ಗತಿ. 

"ಹೊಸದು ಕೇಳಿ ಅಮ್ಮ," ಎಂದು ಲ್ಯಾಪ್‌ಟಾಪಿನಲ್ಲಿ ಹಾಕಿದ. ಶುರುವಿನಲ್ಲೇ ನಗಾರಿ ಗುಡುಗಿತು, ತುತ್ತೂರಿ ಮೊಳಗಿತು. ದಂಡೆಯ ಮೇಲಿದ್ದ ಕೊಕ್ಕರೆ ಹಾರಿಹೋಯಿತು.

ಅಂಬುಜಾಕ್ಷಮ್ಮ ಹೂಂ ಅನ್ನಲಿಲ್ಲ, ಉಹೂಂ ಅನ್ನಲಿಲ್ಲ. "ಇದನ್ನು ಹಾಕಿಕೊಂಡು ಆ ಗೇಮು ಆಡು. ದೋಣಿ ದಡ ಸೇರಿಸು, ಆಮೇಲೆ ಊಟ," ಎಂದರು.

ಮೈಲಾರಿ ಆಡಿದ. ದೋಣಿ ಸುಳಿಗೆ ಸಿಕ್ಕು ಮುಳುಗಿತು. ಆಟ ಮೊದಲಿಂದ ಶುರು, ನಗಾರಿಯೂ ಮೊದಲಿಂದ ಶುರು. ಮತ್ತೆ ಮುಳುಗಿತು, ಮತ್ತೆ ನಗಾರಿ. ಹೊಟ್ಟೆ ಬೇರೆ ಚುರುಗುಟ್ಟುತ್ತಿತ್ತು. ಕೊನೆಗೆ ಸದ್ದು ಅಡಗಿಸಿ ಆಡತೊಡಗಿದ.

"ಯಾಕಪ್ಪ, ಹಾಡು ನಿಲ್ಲಿಸಿದೆ?"

"ತಲೆ ಚಿಟ್ಟುಹಿಡಿಯಿತು ಅಮ್ಮ. ಸೋತವನ ಮುಂದೆ ಯಾರೋ ಮೆರವಣಿಗೆ ಹೊರಟ ಹಾಗಿದೆ."

"ಯಾರೋ ಅಲ್ಲ, ನೀನೇ," ಎಂದು ಅಂಬುಜಾಕ್ಷಮ್ಮ ಎಲೆ ಹಾಕಿದರು. "ಬಾ, ಉಣ್ಣು."

ತಲೆ ಎತ್ತದೆ ಉಂಡೆದ್ದ. ನಾಚಿಕೆಯಾಯಿತು.

ಮೈಲಾರಿ ಲ್ಯಾಪ್‌ಟಾಪ್ ಹಿಡಿದು ದಂಡೆಗೆ ಹೋಗಿ ಕೂತ. ಆಡಿದ, ಸೋತ, ಮತ್ತೆ ಆಡಿದ. ಸೋತಾಗಲೆಲ್ಲ ತನಗೇ ಗೊತ್ತಿಲ್ಲದೆ ಏನೋ ಗುನುಗುತ್ತಿದ್ದ, "ಹೋಗಲಿ ಬಿಡು, ಇನ್ನೊಂದು ಸಲ" ಅನ್ನುವಂಥದ್ದು. ಅದನ್ನೇ ಹಿಡಿದು ಬ್ಯಾಂಡಿನ ಕಾಲದ ತನ್ನ ಕ್ಲಾರಿನೆಟ್ಟಿನಲ್ಲಿ ನುಡಿಸಿದ. ಎಲ್ಲಿ ಮುಗಿಯಿತು, ಎಲ್ಲಿ ಶುರುವಾಯಿತು ತಿಳಿಯದ ಹಾಗೆ ಕೊನೆಯನ್ನು ಮೊದಲಿಗೆ ಹೊಸೆದ. ಹಳೆಯದನ್ನು ಪೂರ್ತಿ ಅಳಿಸಿ ಕಂಪನಿಗೆ ಹೊರಟ.

ಮರುದಿನ ಸಂಜೆ ಓಡುತ್ತಲೇ ವಾಪಸ್ ಬಂದ. ಮುಖ ಊರಗಲವಾಗಿತ್ತು.

"ಒಪ್ಪಿದರು ಅಮ್ಮ. ಇನ್ನು ಇಡೀ ಗೇಮಿಗೆ ನಾನೇ ಸಂಗೀತ ಮಾಡಬೇಕಂತೆ. ಪರೀಕ್ಷೆಗೆಂದು ಹುಡುಗಿಯೊಬ್ಬಳಿಗೆ ಆಡಲು ಕೊಟ್ಟಿದ್ದರು. ಎಷ್ಟು ಸೋತರೂ ಏಳಲೊಲ್ಲಳು. ಊಟಕ್ಕೆ ಕರೆದರೂ ಇನ್ನೊಂದು ಸಲ ಅಂದಳು. ನನ್ನ ರಾಗ ಗುನುಗುತ್ತಲೇ ಆಡಿದಳು."

"ದಡ ಸೇರಿದಳಾ?"

"ಕೊನೆಗೂ ಸೇರಿದಳು. ಎದ್ದು ಕುಣಿದೇಬಿಟ್ಟಳು."

"ಆಗ ಯಾವ ಹಾಡು ಬಂತು?"

ಮೈಲಾರಿ ತಲೆ ಕೆರೆದುಕೊಂಡ. "ಅಲ್ಲಿಗೆ ಇನ್ನೂ ಏನೂ ಮಾಡಿಲ್ಲ."

"ಆ ನಗಾರಿ ಎಲ್ಲಿ?"

"ಅಳಿಸಿಬಿಟ್ಟೆ ಅಮ್ಮ. ನಿಮಗೆ ಹಿಡಿಸಲಿಲ್ಲ ಅಂತ."

"ನಾನು ಹಾಗಂದೆನೇ, ಮಾರಾಯ?"

ಅಂಬುಜಾಕ್ಷಮ್ಮ ನಗುತ್ತ ಅಡುಗೆಮನೆಗೆ ಹೋದರು. ದೊಡ್ಡ ಕೊಳಗವೊಂದನ್ನು ತಂದು ಅವನ ಮುಂದೆ ಬೋರಲು ಹಾಕಿದರು.

"ಇವತ್ತು ನೀನೂ ದಡ ಸೇರಿದ್ದೀಯ. ಬಾರಿಸು. ಕೊಕ್ಕರೆ ಹಾರಿದರೆ ಹಾರಲಿ."