ಶ್ರೀಮನ್ನಾರಾಯಣನು ಪಾದಮಾತ್ರನಾಗಿ ನಿಂತ ಕಥೆ

ಈ ಬೆಟ್ಟಕ್ಕೆ ಇನ್ನೂ ಹೆಸರೇ ಇಲ್ಲದಿದ್ದ ಪುರಾತನ ಕಾಲದಲ್ಲಿ, ಇದರ ನೆತ್ತಿಯ ಮೇಲೆ ನೆಟ್ಟಗೆ ನಿಂತಿದ್ದ ಏಕಶಿಲೆಯಲ್ಲಿ ಶ್ರೀಮನ್ನಾರಾಯಣನ ದಿವ್ಯಮಂಗಳವಿಗ್ರಹವನ್ನು ಕಡೆಯುವ ಮಹಾಭಾಗ್ಯವು ಬೂಚೋಜನೆಂಬ ಶಿಲ್ಪಿಗೆ ಒದಗಿತು. ಆತನ ಉಳಿಯಲ್ಲಿ ಸಾಕ್ಷಾತ್ ಸರಸ್ವತಿಯೇ ನೆಲೆಸಿದ್ದಳು; ಮನಸ್ಸಿನಲ್ಲಿ ಮಾತ್ರ ಪಕ್ಕದ ಊರಿನ ಶಿಲ್ಪಿ ಹರಿಯೋಜನು ಠಿಕಾಣಿ ಹೂಡಿದ್ದನು.

ಉಗುರಿನ ಹೊಳಪೂ ಬೆರಳುಗಳ ಮಾರ್ದವವೂ ಎದ್ದು ಕಾಣುವಂತೆ ಬೂಚೋಜನು ಭಗವಂತನ ಚರಣಕಮಲಗಳನ್ನು ಕಡೆದು ಮುಗಿಸಿದ ದಿನವೇ, ಹರಿಯೋಜನು ತನ್ನ ವಿಗ್ರಹದ ಪೀಠದಲ್ಲಿ ‘ಶಿಲ್ಪಿಕುಲತಿಲಕ’ ಎಂದು ಕೆತ್ತಿಕೊಂಡ ಸುದ್ದಿ ಬಂದಿತು. ಪೀಠದಲ್ಲಿ ಹೆಸರನ್ನೂ ಬಿರುದನ್ನೂ ಕೆತ್ತಿಕೊಳ್ಳುವುದು ಅಂದಿನ ಶಿಲ್ಪಿಗಳ ವಾಡಿಕೆ. ಬೂಚೋಜನಿಗೆ ಅನ್ನ ಸೇರಲಿಲ್ಲ, ನಿದ್ದೆ ಹತ್ತಲಿಲ್ಲ. ತನ್ನ ಪೀಠದಲ್ಲಿ ಹೆಸರಿನ ಮುಂದೆ ‘ಶಿಲ್ಪಿಚಕ್ರವರ್ತಿ’ ಎಂದು ಕೆತ್ತಿದನು. ಅತ್ತ ಇನ್ನೊಂದು ಬಿರುದು ಹುಟ್ಟಿದರೆ ಇತ್ತ ಎರಡು ಹುಟ್ಟಿದವು. ಪೀಠ ತುಂಬಿದ ಮೇಲೆ, ಮೊಣಕಾಲಿಗೆಂದು ಬಿಟ್ಟಿದ್ದ ಜಾಗಕ್ಕೆ ಅಕ್ಷರಗಳು ಹತ್ತಿ, ಕಟಿಪ್ರದೇಶವನ್ನು ದಾಟಿ, ಶ್ರೀವತ್ಸಲಾಂಛನವಿರಬೇಕಾದ ವಕ್ಷಸ್ಥಲವನ್ನೂ ಆಕ್ರಮಿಸಿದವು. ಇನ್ನು ದೇವರು ಎಲ್ಲಿ ನಿಲ್ಲಬೇಕೆಂದು ಹೆಂಡತಿ ಕೇಳಿದ್ದಕ್ಕೆ, ಕಲೆಯ ವಿಷಯ ನಿನಗೆ ತಿಳಿಯದೆಂದು ಗದರಿದನು.

ಪ್ರತಿಷ್ಠೆಯ ಮುನ್ನಾದಿನ ಉಳಿದದ್ದು ಶ್ರೀಮುಖದ ಸ್ಥಳವೊಂದೇ. ಮುಖವನ್ನಾದರೂ ಕಡೆದುಬಿಡೋಣವೆಂದು ಉಳಿ ಹಿಡಿದವನು ಹೊಟ್ಟೆಯುರಿ ತಡೆಯಲಾಗದೆ, ಅಲ್ಲಿಯೂ ‘ಹರಿಯೋಜನ ಗರ್ವಭಂಜಕ’ ಎಂದು ಆಳವಾಗಿ ಕೆತ್ತಿದನು.

ಬೆಳಗಾಯಿತು. ಮಂಗಳವಾದ್ಯವು ಬೆಟ್ಟದ ಬುಡ ಮುಟ್ಟಿತು. ಹಾಲು ತುಪ್ಪ ಹೊತ್ತು ಬರುತ್ತಿರುವ ಜನರಿಗೆ ತೋರಿಸಲು ದೇವರೇ ಇಲ್ಲವೆಂಬುದು ಆಗ ಹೊಳೆದು, ಬೂಚೋಜನು ಮಾನ ಕಾಯೆಂದು ಚರಣಗಳನ್ನು ಹಿಡಿದು ಅತ್ತನು. ಕೂಡಲೇ ಶಿಲೆಯು ಚರಣಗಳ ಮೇಲ್ಭಾಗದಲ್ಲಿ ಸಿಡಿದು, ಬಿರುದುಗಳ ಸಮೇತ ಉರುಳಿ, ಯಾರಿಗೂ ತಾಗದೆ ಬೆಟ್ಟದ ಬುಡದ ಕೊಳದ ದಂಡೆಯಲ್ಲಿ ಅಂಗಾತ ಬಿದ್ದಿತು. ಅಶರೀರವಾಣಿಯಾಯಿತು:

“ವತ್ಸ, ನಿಲ್ಲಲು ನನಗೆ ಇಷ್ಟು ಸಾಕು. ಉಳಿದ ಕಲ್ಲು ನಿನ್ನದು. ನನ್ನ ಭಕ್ತರು ಅದರ ಮೇಲೆ ಕಾಲು ತೊಳೆದುಕೊಂಡು ಬರಲಿ.”

ಅಂದಿನಿಂದ ಇದು ಪಾದಗಿರಿ. ಪೀಠದ ಅಕ್ಷರಗಳು ಅಭಿಷೇಕದ ಹಾಲಿಗೆ ಸವೆದವು, ಬಂಡೆಯವು ಯಾತ್ರಿಕರ ಕಾಲಿಗೆ. ನೀರು ತಾಗದ ಒಂದು ತುದಿಯಲ್ಲಿ ಮಾತ್ರ ‘ಹರಿಯೋಜ’ ಎಂಬಷ್ಟು ಇಂದಿಗೂ ಸ್ಪಷ್ಟವಾಗಿ ಓದಬಹುದು. ಇಂತಹ ಪಾದಗಳನ್ನು ಕಡೆದ ಪುಣ್ಯಾತ್ಮನೆಂದು ಭಕ್ತರು ಆ ಹೆಸರಿಗೆ ಅರಿಶಿನ ಕುಂಕುಮವಿಟ್ಟು ಮೆಟ್ಟಿಲು ಹತ್ತುತ್ತಾರೆ.